ಅಂಗಡಿಯ ಹಿಂಬದಿಗೂ ಬನ್ನಿ

ರಸೆಲ್ ಮಾರ್ಕೆಟ್‌ಗೆ ಕ್ಯಾಮೆರಾ ಹಿಡಿದು ಬರುವ ಯುವಜನರಿಗೆ ಒಂದು ಬಹಿರಂಗ ಪತ್ರ

ಶಿವಾಜಿನಗರ, ಬೆಂಗಳೂರು



ರಂಜಾನ್ ಬಂತೆಂದರೆ ನಮ್ಮ ಶಿವಾಜಿನಗರದ ಬೀದಿಗಳಲ್ಲಿ ತಟ್ಟೆಗಳಿಗಿಂತ ಮೊಬೈಲುಗಳೇ ಹೆಚ್ಚು. ಹಲೀಮ್ ಹಂಡೆಯ ಮುಚ್ಚಳ ಯಾವಾಗ ತೆಗೆಯುತ್ತಾರೋ ಎಂದು ಕೈ ಚಾಚಿ ನಿಂತ ನಿಮ್ಮನ್ನು ವರ್ಷಾ ವರ್ಷಾ ನೋಡುತ್ತೇನೆ. ಸೆಪ್ಟೆಂಬರ್ 8ಕ್ಕೆ ಸೇಂಟ್ ಮೇರಿ ಬೆಸಿಲಿಕಾದ ಹಬ್ಬಕ್ಕೂ ಬರುತ್ತೀರಿ. ಉಳಿದಂತೆ ಭಾನುವಾರ ಬೆಳಗಾಗುತ್ತಲೇ ರಸೆಲ್ ಮಾರ್ಕೆಟ್ ಮುಂದೆ ಗುಂಪುಗೂಡಿ, ಹೂವಿನ ರಾಶಿ, ಮೀನಿನ ಬುಟ್ಟಿ, ಮದರಂಗಿ ಹಚ್ಚಿದ ಗಡ್ಡದ ಹಿರಿಯರು ಎಲ್ಲವನ್ನೂ ಕ್ಯಾಮೆರಾದಲ್ಲಿ ತೆಗೆದುಕೊಂಡು, ಒಂದು ಸುಲೈಮಾನಿ ಚಹಾ ಕುಡಿದು, ಬಿಸಿಲೇರುವ ಮೊದಲೇ ಹೊರಟುಬಿಡುತ್ತೀರಿ.

ನಿಮ್ಮಲ್ಲಿ ಕೆಲವರು ನನ್ನನ್ನು ನಿಲ್ಲಿಸಿ ಕೇಳಿದ್ದುಂಟು: ಸಾರ್, ಸಾಕ್ಷ್ಯಚಿತ್ರ ಮಾಡಬೇಕು, ಅದನ್ನೇ ಕಸುಬು ಮಾಡಿಕೊಳ್ಳಬೇಕು, ಎಲ್ಲಿಂದ ಶುರು ಮಾಡೋದು? ನಾನು ಇದೇ ಕಂಟೋನ್ಮೆಂಟಿನಲ್ಲಿ ಬೆಳೆದವನು, ಸಾಕ್ಷ್ಯಚಿತ್ರಗಳಿಗೆ ಧ್ವನಿಗ್ರಹಣ ಮಾಡುತ್ತಲೇ ತಲೆ ನರೆತವನು. ನಿಂತ ನಿಲುವಿನಲ್ಲಿ ಕೊಟ್ಟ ಉತ್ತರಗಳು ನನಗೇ ಸಮಾಧಾನ ತಂದಿಲ್ಲ. ಹಾಗಾಗಿ ಎಲ್ಲರಿಗೂ ಒಟ್ಟಿಗೆ ಬರೆಯುತ್ತಿದ್ದೇನೆ. ನಿಮ್ಮಲ್ಲಿ ನನ್ನ ಬೇಡಿಕೆ ಒಂದೇ. ನಮ್ಮ ಬೀದಿಗಳ ಬಣ್ಣವನ್ನು ಸಾಕಷ್ಟು ತೆಗೆದಿದ್ದೀರಿ. ಇನ್ನು ನಮ್ಮ ಬೀದಿಗಳ ಕೆಲಸವನ್ನು ತೆಗೆಯಿರಿ.

ಗುಜರಿ ಗಲ್ಲಿಗಳನ್ನೇ ನೋಡಿ. ಹಳೆಯ ಗಾಡಿಗಳು ಇಡಿಯಾಗಿ ಬಂದು ಬಿಡಿಬಿಡಿಯಾಗಿ ಹೋಗುವ ಜಾಗ ಅದು. ನಿಮ್ಮ ರೀಲ್‌ಗಳಲ್ಲಿ ಕಾಣುವುದು ಅಂಗಡಿ ಮುಂದೆ ನೇತುಹಾಕಿದ ಸ್ಟೀರಿಂಗುಗಳ ಸಾಲು, ತುಕ್ಕು ಹಿಡಿದ ಬಾನೆಟ್ಟುಗಳ ಗುಡ್ಡೆ. ಹಿಂಬದಿಗೆ ಹೋದರೆ ಬೇರೆಯೇ ಲೋಕ. ಅಲ್ಲೊಬ್ಬ ಹುಡುಗ ಎಂಜಿನ್ ಬಿಚ್ಚುತ್ತಿರುತ್ತಾನೆ. ಜಾಮಾದ ನಟ್ಟಿಗೆ ಡೀಸೆಲ್ ಹನಿಸಿ ಸುಮ್ಮನೆ ಕಾಯುತ್ತಾನೆ. ಅವಸರಪಟ್ಟು ಬಲ ಹಾಕಿದರೆ ಬೋಲ್ಟು ಮುರಿಯುತ್ತದೆ, ಮುರಿದರೆ ಬೈಗುಳ. ಇನ್ನೊಬ್ಬ ಬಿಚ್ಚಿದ್ದನ್ನು ಅಗಲವಾದ ಟ್ರೇಯಲ್ಲಿ ತೊಳೆದು ಹರಡುತ್ತಾನೆ. ಕಬ್ಬಿಣ ಒಂದು ಕಡೆ, ಅಲ್ಯೂಮಿನಿಯಂ ಒಂದು ಕಡೆ, ತಾಮ್ರ ಮಾತ್ರ ಮಾಲೀಕನ ಕಣ್ಣ ಮುಂದೆ.

ಮೂಲೆಯಲ್ಲಿ ಕೂತ ಹಿರಿಯರೊಬ್ಬರದು ಬೇರಿಂಗ್ ಆರಿಸುವ ಕೆಲಸ. ಬೇರಿಂಗಿನ ನಡುವೆ ಎಡಗೈ ಬೆರಳು ತೂರಿಸಿ, ಬಲಗೈಯಿಂದ ಹೊರಸುತ್ತನ್ನು ಒಮ್ಮೆ ತಿರುಗಿಸಿ, ಕಿವಿಯ ಹತ್ತಿರ ಹಿಡಿಯುತ್ತಾರೆ. ಒಂದೇ ಸಮನೆ ‘ಸರ್‌ರ್’ ಎಂದರೆ ಅದು ಮಾರಾಟಕ್ಕೆ. ನಡುವೆ ಒಂದೇ ಒಂದು ಸಲ ‘ಗರ್’ ಎಂದರೂ ತೂಕಕ್ಕೆ. ಮಾರಾಟಕ್ಕೆ ಹೋದದ್ದು ಇನ್ನೊಂದು ಗಾಡಿಯ ಚಕ್ರ ಸೇರುತ್ತದೆ, ತೂಕಕ್ಕೆ ಹೋದದ್ದು ಕುಲುಮೆ ಸೇರುತ್ತದೆ. ನಾನು ಒಳ್ಳೆಯ ಮೈಕ್ ಒಡ್ಡಿ, ಹೆಡ್‌ಫೋನ್ ಹಾಕಿಕೊಂಡು ಕೇಳಿದೆ. ಅವರು ತೂಕಕ್ಕೆಂದು ಎಸೆದ ಎಷ್ಟೋ ಬೇರಿಂಗುಗಳು ನನ್ನ ಕಿವಿಗೆ ಚೆನ್ನಾಗಿಯೇ ಇದ್ದವು. “ಚಾಚಾ, ಇದರಲ್ಲೇನು ದೋಷ?” ಅಂದರೆ ಇನ್ನೊಮ್ಮೆ ತಿರುಗಿಸಿ ನನ್ನ ಕೈಗಿಟ್ಟು ನಕ್ಕರು. ಈ ಜ್ಞಾನ ಯಾವ ಪುಸ್ತಕದಲ್ಲೂ ಇಲ್ಲ. ನಿಮ್ಮ ಮೊಬೈಲಿಗೆ ಅದು ಸಿಕ್ಕಿಲ್ಲ ಏಕೆಂದರೆ ನೀವು ಸ್ಟೀರಿಂಗುಗಳ ಸಾಲಿನಿಂದಲೇ ಹಿಂತಿರುಗಿದ್ದೀರಿ.

ಹೊರಗೇ ನಿಲ್ಲುವ ಈ ಅಭ್ಯಾಸ ನಿಮ್ಮೊಬ್ಬರದೇ ಅಲ್ಲ, ಸಿನಿಮಾ ಹುಟ್ಟಿದಂದಿನಿಂದ ಬಂದದ್ದು. 1895ರಲ್ಲಿ ಫ್ರಾನ್ಸಿನ ಲುಮಿಯೇರ್ ಸಹೋದರರು ಲಿಯೋನ್ ನಗರದ ತಮ್ಮದೇ ಕಾರ್ಖಾನೆಯ ಗೇಟಿನೆದುರು ಕ್ಯಾಮೆರಾ ಇಟ್ಟರು. ಕೆಲಸ ಮುಗಿಸಿದ ಹೆಂಗಸರು, ಗಂಡಸರು ಹೊರಗೆ ಬಂದರು, ಒಂದು ನಿಮಿಷವೂ ಆಗುವ ಮೊದಲೇ ಚಿತ್ರ ಮುಗಿಯಿತು. ಅದಾಗಿ ನೂರು ವರ್ಷಕ್ಕೆ, 1995ರಲ್ಲಿ, ಹಾರುನ್ ಫರೋಕಿ ಎಂಬ ಜರ್ಮನ್ ನಿರ್ದೇಶಕ ಒಂದು ಚಿತ್ರ ಮಾಡಿ, ಕಾರ್ಮಿಕರು ಕಾರ್ಖಾನೆಯಿಂದ ಹೊರಬರುವ ದೃಶ್ಯಗಳನ್ನು ಸಿನಿಮಾ ಚರಿತ್ರೆಯ ಉದ್ದಕ್ಕೂ ಹುಡುಕಿ ಪೋಣಿಸಿದರು. ಸಿನಿಮಾಕ್ಕೆ ಕಾರ್ಮಿಕರ ಬದುಕು ಶುರುವಾಗುವುದು ಅವರು ಗೇಟು ದಾಟಿದ ಮೇಲೆಯೇ ಎಂಬುದು ಆ ಚಿತ್ರ ನೋಡಿದ ಯಾರಿಗಾದರೂ ಹೊಳೆಯುತ್ತದೆ. ಒಳಗಿನ ಎಂಟು ಹತ್ತು ಗಂಟೆ ಯಾರಿಗೂ ಬೇಡ.

ಆ ಗೇಟು ದಾಟಿದವರು ನಮ್ಮಲ್ಲೇ ಇದ್ದಾರೆ. ಅವರನ್ನು ನೀವು ತಿಳಿದಿರಬೇಕು.

1980ರಲ್ಲಿ ದೀಪಾ ಧನರಾಜ್, ಅಭಾ ಭಯ್ಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಸೇರಿ ‘ಯುಗಾಂತರ್’ ಎಂಬ ತಂಡ ಕಟ್ಟಿದರು. ನವ್ರೋಜ್ ಅಷ್ಟರಲ್ಲಾಗಲೇ ಮಣಿ ಕೌಲ್ ಅವರ ‘ದುವಿಧಾ’ಕ್ಕೆ (1973) ಕ್ಯಾಮೆರಾ ಹಿಡಿದು ಹೆಸರಾಗಿದ್ದವರು. ಯುಗಾಂತರದ ಮೊದಲ ಚಿತ್ರ ‘ಮೋಲ್ಕರಿನ್’ ಪುಣೆಯ ಮನೆಗೆಲಸದ ಹೆಂಗಸರದು. ಆಮೇಲೆ 1982ರಲ್ಲಿ ಅವರು ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ ಹೋದರು. ಬೀಡಿ ತಂಬಾಕಿನ ಊರು ಅದು. ತಂಬಾಕು ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದ ಹೆಂಗಸರು ಸಂಘ ಕಟ್ಟಿಕೊಂಡು, ಕೂಲಿಗಾಗಿ, ಮರ್ಯಾದೆಗಾಗಿ ಮುಷ್ಕರ ಹೂಡುತ್ತಿದ್ದ ಕಾಲ.

ತಂಡ ಅಲ್ಲಿ ನಾಲ್ಕು ತಿಂಗಳಿತ್ತು. ಮುಗಿದಾಗ ಕೈಗೆ ಬಂದದ್ದು ‘ತಂಬಾಕೂ ಚಾಕಿಲಾ ಊಬ್ ಆಲಿ’ ಎಂಬ ಸುಮಾರು 25 ನಿಮಿಷದ ಕಪ್ಪು ಬಿಳುಪು ಚಿತ್ರ. ನಾಲ್ಕು ತಿಂಗಳ ಬಹುಪಾಲು ಹೋದದ್ದು ಕೇಳುವುದರಲ್ಲಿ. ಮೈತುಂಬ ದೂಳು ಮೆತ್ತಿಕೊಂಡು ಮಾಡುವ ಕೆಲಸ, ಮೇಸ್ತ್ರಿಗಳ ಕಾಟ, ಸಂಘ ಕಟ್ಟಿದ ಬಗೆ, ಮುಂದೇನು ಎಂಬ ಚರ್ಚೆ ಎಲ್ಲವನ್ನೂ ಹೆಂಗಸರ ಬಾಯಿಂದಲೇ ಕೇಳಿ, ಚಿತ್ರದಲ್ಲಿ ಏನಿರಬೇಕೆಂದು ಅವರೊಂದಿಗೇ ಕೂತು ಮಾತಾಡಿ, ಆಮೇಲೆ ಕ್ಯಾಮೆರಾ ತೆಗೆದರು. ಅದುವರೆಗೆ ಹೊರಗಿನವರ ಕಣ್ಣಿಗೆ ಬೀಳದಿದ್ದ ಕಾರ್ಖಾನೆಯ ಒಳಗು ತೆರೆಯ ಮೇಲೆ ಬಂತು. ಇಲ್ಲಿ ‘ಬಡ ಹೆಂಗಸರ ಗೋಳು’ ಎಂದು ಗಂಭೀರ ದನಿಯಲ್ಲಿ ವಿವರಿಸುವ ಗಂಡಸು ಯಾರೂ ಇಲ್ಲ. ತಮ್ಮ ಕೆಲಸದ ಲೆಕ್ಕವನ್ನು, ತಮ್ಮ ಸಿಟ್ಟಿನ ಕಾರಣವನ್ನು ಅವರೇ ಹೇಳುತ್ತಾರೆ. ಚಿತ್ರ ಮುಗಿದ ಮೇಲೆ 16 ಎಂಎಂ ಪ್ರೊಜೆಕ್ಟರಿನ ಮೂಲಕ ಕಾರ್ಮಿಕ ಸಂಘಗಳ, ಮಹಿಳಾ ಗುಂಪುಗಳ ನಡುವೆ ಓಡಾಡಿತು. ನೋಡಿದವರು ತಮ್ಮದೇ ಊರಿನ ಕೂಲಿಯ ಮಾತೆತ್ತಲಿ ಎಂಬುದೇ ಅದರ ಉದ್ದೇಶ.

16 ಎಂಎಂ ಎಂದಾಗ ಒಂದು ಲೆಕ್ಕ ಹೇಳಬೇಕು. 400 ಅಡಿಯ ಒಂದು ರೀಲು ಓಡುವುದು ಸುಮಾರು 11 ನಿಮಿಷ. ಆಮೇಲೆ ಕತ್ತಲೆ ಚೀಲದೊಳಗೆ ಕೈ ತೂರಿಸಿ ರೀಲು ಬದಲಿಸಬೇಕು. ಅದನ್ನು ಲ್ಯಾಬಿಗೆ ಕಳಿಸಿ, ತೊಳೆಸಿ, ಪ್ರಿಂಟು ಬಂದ ಮೇಲೆ ಏನು ಸಿಕ್ಕಿದೆ ಎಂದು ಗೊತ್ತಾಗುವುದು. ಗುಂಡಿ ಒತ್ತುವ ಮುಂಚೆ ಹತ್ತು ಸಲ ಯೋಚಿಸುವಂತೆ ದುಡ್ಡೇ ಪಾಠ ಕಲಿಸುತ್ತಿತ್ತು. ನಿಮಗೆ ಆ ಕಷ್ಟವಿಲ್ಲ, ಸಂತೋಷ. ಆದರೆ ಯೋಚಿಸುವ ಕೆಲಸವನ್ನು ಮೊಬೈಲು ಮಾಡಿಕೊಡುವುದಿಲ್ಲ.

ಇನ್ನು ಕಸುಬಿನ ಮಾತು. ದೀಪಾ ಧನರಾಜ್ ಅವರ ಮುಂದಿನ ದಾರಿ ನೋಡಿ. 1986ರಲ್ಲಿ ಹೈದರಾಬಾದಿನ ಕೋಮುಗಲಭೆಯ ಬೇರು ಹುಡುಕಿದ ‘ಕ್ಯಾ ಹುವಾ ಇಸ್ ಶಹರ್ ಕೋ’. 1991ರಲ್ಲಿ, ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಂಗಸರ ದೇಹದ ಮೇಲೆ ನಡೆದದ್ದನ್ನು ತೋರಿಸಿದ ‘ಸಮ್‌ಥಿಂಗ್ ಲೈಕ್ ಎ ವಾರ್’. 2011ರಲ್ಲಿ ತಮಿಳುನಾಡಿನ ಮುಸ್ಲಿಂ ಹೆಂಗಸರು ತಾವೇ ಜಮಾತ್ ಕಟ್ಟಿ ನ್ಯಾಯ ತೀರ್ಮಾನ ಮಾಡಿದ್ದನ್ನು ಹೇಳುವ ‘ಇನ್ವೋಕಿಂಗ್ ಜಸ್ಟಿಸ್’. ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಸಾವಿನ ನಂತರ 2018ರಲ್ಲಿ ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’. 2023ರಲ್ಲಿ ಕೇರಳದ ಅಂತಾರಾಷ್ಟ್ರೀಯ ಸಾಕ್ಷ್ಯಚಿತ್ರೋತ್ಸವ ಅವರಿಗೆ ಜೀವಮಾನ ಸಾಧನೆಯ ಪ್ರಶಸ್ತಿ ಕೊಟ್ಟಿತು. ನಾಲ್ಕು ದಶಕ ಬೆಂಗಳೂರಿನಲ್ಲೇ ಇದ್ದುಕೊಂಡು ಮರಾಠಿ, ತೆಲುಗು, ಹಿಂದಿ, ತಮಿಳು ಜನರ ಮಾತನ್ನು ಆಯಾ ಮಾತಿನಲ್ಲೇ ಕೇಳಿಸಿದರು. ನವ್ರೋಜ್ 2023ರ ಜೂನ್‌ನಲ್ಲಿ ಹೊಸೂರಿನ ಬಳಿ ಬೈಕ್ ಅಪಘಾತದಲ್ಲಿ ತೀರಿಕೊಂಡರು. ಕೊನೆಯವರೆಗೂ ಅವರಿಗೆ ಕ್ಯಾಮೆರಾದಷ್ಟೇ ಬೈಕಿನ ಹುಚ್ಚು.

ನಮ್ಮ ಬೆಂಗಳೂರಿನ ಗಾರ್ಮೆಂಟ್ಸ್ ಹೆಂಗಸರನ್ನು ಕುರಿತು ಸುರಭಿ ಶರ್ಮಾ 2004ರಲ್ಲಿ ‘ಅಬವ್ ದ ಡಿನ್ ಆಫ್ ಸೂಯಿಂಗ್ ಮಷೀನ್ಸ್’ ಮಾಡಿದರು. ನಿಮ್ಮ ಅಂಗಿಯ ಕಾಲರಿನ ಹಿಂದೆ ಯಾವ ಟಾರ್ಗೆಟ್ಟು, ಯಾವ ಸೂಪರ್‌ವೈಸರನ ಬೈಗುಳ ಇದೆಯೆಂದು ತಿಳಿಯಬೇಕಾದರೆ ಅದನ್ನು ಹುಡುಕಿ ನೋಡಿ.

ಅವಸರವೇನು ಎಂದು ಕೇಳಬಹುದು. ಅವಸರವಿದೆ. ನಮ್ಮ ಪೂರ್ವ ಬೆಂಗಳೂರಿನತ್ತ ಒಮ್ಮೆ ಕಣ್ಣು ಹಾಯಿಸಿ. 1940ರಲ್ಲಿ ವಿಮಾನ ಕಾರ್ಖಾನೆಯಾದ ಎಚ್‌ಎಎಲ್ ಬಂತು. 1948ರಲ್ಲಿ ಕೆ.ಆರ್. ಪುರದ ಬಳಿ ಟೆಲಿಫೋನ್ ಕಾರ್ಖಾನೆಯಾದ ಐಟಿಐ ಶುರುವಾಗಿ ದೂರವಾಣಿನಗರ ಎಂಬ ಊರೇ ಎದ್ದಿತು. ದೇಶದ ಮೇಜುಗಳ ಮೇಲೆ ಗುಂಡು ಡಯಲ್ ತಿರುಗುತ್ತಿದ್ದ ಕಪ್ಪು ಟೆಲಿಫೋನುಗಳು ಅಲ್ಲಿನ ಕೈಗಳಿಂದ ಬಂದವು. ಬೈಯಪ್ಪನಹಳ್ಳಿಯಲ್ಲಿ ಜರ್ಮನಿಯ ಎಇಜಿ ಕಂಪನಿಯ ಸಹಯೋಗದಿಂದ ಬೆಳೆದ ಎನ್‌ಜಿಇಎಫ್ ಟ್ರಾನ್ಸ್‌ಫಾರ್ಮರು, ಮೋಟಾರು ಮಾಡಿತು, 2002ರಲ್ಲಿ ಮುಚ್ಚಿತು. ಆಮೇಲೆ ಆ ಖಾಲಿ ಶೆಡ್ಡುಗಳಲ್ಲಿ ಎಷ್ಟೋ ಸಿನಿಮಾಗಳ ಫೈಟ್‌ಗಳ ಶೂಟಿಂಗ್ ನಡೆಯಿತು. ಹೀರೊ ಹೊಡೆದ ಏಟಿಗೆ ಖಳರು ಹಾರಿ ಬಿದ್ದ ಆ ನೆಲದ ಮೇಲೆ ತಾಮ್ರದ ತಂತಿಯನ್ನು ಪದರ ಪದರವಾಗಿ ಸುತ್ತುತ್ತಿದ್ದವರ ಕೈಗಳನ್ನು ನಾನಂತೂ ಯಾವ ತೆರೆಯ ಮೇಲೂ ಕಂಡಿಲ್ಲ.

ಶಿವಾಜಿನಗರಕ್ಕೂ ಅದೇ ಆದೀತು. 1927ರ ರಸೆಲ್ ಮಾರ್ಕೆಟ್ 2012ರಲ್ಲಿ ಬೆಂಕಿಗೆ ಸಿಕ್ಕು ಅನೇಕ ಮಳಿಗೆಗಳು ಬೂದಿಯಾದವು. 2021ರ ಸೆಪ್ಟೆಂಬರ್‌ನಲ್ಲಿ ‘ಊರ್ಜಾ’ ಹೆಸರಿನ ಮೆಟ್ರೊ ಸುರಂಗ ಕೊರೆಯುವ ಯಂತ್ರ ಕಂಟೋನ್ಮೆಂಟಿನಿಂದ ನಮ್ಮ ಮನೆಗಳ ಬುಡದಲ್ಲೇ ಬಂದು ಶಿವಾಜಿನಗರದಲ್ಲಿ ಗೋಡೆ ಒಡೆದು ಹೊರಬಂದಾಗ ಕ್ಯಾಮೆರಾಗಳೆಲ್ಲ ಅಲ್ಲಿದ್ದವು, ಇರಬೇಕಾದ್ದೇ. ಮೆಟ್ರೊ ಬರುವ ಕಡೆ ಬಾಡಿಗೆ ಏರುತ್ತದೆ, ಬಾಡಿಗೆ ಏರಿದ ಕಡೆ ಬ್ಯಾಂಬೂ ಬಜಾರಿನ ಏಣಿ ಮಾಡುವವರು ಎಷ್ಟು ದಿನ ನಿಂತಾರು? ಸಂದಿಯ ಹೂ ಕಟ್ಟುವ ಅಕ್ಕಂದಿರು, ಹಾಸಿಗೆಗೆ ಹತ್ತಿ ಬಡಿಯುವವರು, ತಗಡಿನ ಟ್ರಂಕು ಮಾಡುವವರು ಇವರಿಗೆಲ್ಲ ಬೀಳ್ಕೊಡುಗೆ ಸಮಾರಂಭ ಯಾರೂ ಮಾಡುವುದಿಲ್ಲ. ಒಂದು ಬೆಳಗ್ಗೆ ಷಟರ್ ಎಳೆದಿರುತ್ತದೆ, ಅಷ್ಟೆ.

ಈಗ ನನ್ನ ವಿನಂತಿಗಳು.

ಮೊದಲನೆಯದು, ಭಾನುವಾರ ಬಿಟ್ಟು ವಾರದ ದಿನ ಬನ್ನಿ, ಮೊದಲ ಕೆಲವು ಸಲ ಕ್ಯಾಮೆರಾ ಚೀಲದಲ್ಲೇ ಇರಲಿ. ನಮ್ಮ ಜನ ಕ್ಯಾಮೆರಾ ಕಂಡು ಮುಖ ತಿರುಗಿಸುವುದಕ್ಕೆ ಕಾರಣವಿದೆ. ನನಗೆ ಪರಿಚಯದ ಒಂದು ಗುಜರಿ ಅಂಗಡಿಯನ್ನು ಯಾರೋ ಮೊಬೈಲಿನಲ್ಲಿ ತೆಗೆದು, ‘ಕದ್ದ ಗಾಡಿಗಳು ಇಲ್ಲಿ ಮಾಯ’ ಎಂದು ತಲೆಬರಹ ಕೊಟ್ಟು ಹರಿಬಿಟ್ಟರು. ಲಕ್ಷಗಟ್ಟಲೆ ಜನ ನೋಡಿದರಂತೆ. ಆ ಅಂಗಡಿಯವರ ಬಳಿ ಎಲ್ಲ ಕಾಗದಪತ್ರ ಇತ್ತು. ಆದರೂ ತಿಂಗಳುಗಟ್ಟಲೆ ಗಿರಾಕಿ ಇಲ್ಲ, ಬಂದು ಹೋಗುವವರೆಲ್ಲ ವಿಚಾರಣೆಯವರೇ. ಅಲ್ಲಿ ಕೆಲಸಕ್ಕಿದ್ದ ಹುಡುಗರು ಬೇರೆ ಕಡೆ ಹೋದರು. ನಿಮ್ಮ ಒಂದು ಸಾಲಿನ ತಮಾಷೆ ಇನ್ನೊಬ್ಬರ ಅನ್ನಕ್ಕೆ ಕಲ್ಲು ಹಾಕಬಲ್ಲದು. ಕೇಳಿ ತೆಗೆಯಿರಿ, ಬೇಡ ಎಂದರೆ ಬಿಡಿ. ಮಾಲೀಕರು ಒಪ್ಪಿದರೆಂದು ಕೆಲಸಗಾರರೂ ಒಪ್ಪಿದಂತಲ್ಲ, ಅವರನ್ನು ಬೇರೆಯಾಗಿ ಕೇಳಿ.

ಎರಡನೆಯದು, ಒಂದು ಕೆಲಸವನ್ನು ಮೊದಲಿನಿಂದ ಕೊನೆಯವರೆಗೆ ತೆಗೆಯಿರಿ. ಬಿದಿರು ಲಾರಿಯಿಂದ ಇಳಿಯುವುದರಿಂದ ಹಿಡಿದು ಏಣಿಯಾಗಿ ಗಿರಾಕಿಯ ಹೆಗಲೇರುವವರೆಗೆ. ಎಷ್ಟು ಹೊತ್ತು, ಎಷ್ಟು ಕೈ, ಎಷ್ಟು ಕೂಲಿ, ಗಾಯವಾದರೆ ಆಸ್ಪತ್ರೆಯ ದುಡ್ಡು ಯಾರದು? ಇಷ್ಟು ಪ್ರಶ್ನೆಗಳಿಗೆ ಉತ್ತರವಿರುವ ಹತ್ತು ನಿಮಿಷದ ಚಿತ್ರವನ್ನು ನಾನು ಹುಡುಕಿಕೊಂಡು ಹೋಗಿ ನೋಡುತ್ತೇನೆ.

ಮೂರನೆಯದು ನನ್ನ ಕಸುಬಿನ ಸ್ವಾರ್ಥದ್ದು. ದಯವಿಟ್ಟು ಕೆಲಸದ ಸದ್ದನ್ನು ಒರೆಸಿ ಅದರ ಮೇಲೆ ಟ್ರೆಂಡಿಂಗ್ ಹಾಡು ಹಾಕಬೇಡಿ. ಬೇರಿಂಗ್ ಆರಿಸುವ ಚಾಚಾ ಕೇಳುತ್ತಿರುವುದು ನಿಮ್ಮ ಹಾಡನ್ನಲ್ಲ. ಮಾತೂ ಹಾಗೆಯೇ. ಇಲ್ಲಿ ಒಂದೇ ಅಂಗಡಿಯಲ್ಲಿ ಮಾಲೀಕರದು ದಖನಿ, ಲೆಕ್ಕ ಬರೆಯುವವರದು ತಮಿಳು, ಗಿರಾಕಿಯದು ಕನ್ನಡ. ಜಗಳ ಬಂದರೆ ಮೂರೂ. ಅದನ್ನು ಹಾಗೆಯೇ ಇಟ್ಟು ಕೆಳಗೆ ಕನ್ನಡದ ಸಬ್‌ಟೈಟಲ್ ಹಾಕಿ. ಕರ್ನಾಟಕದ ನಿಪ್ಪಾಣಿಯ ಹೆಂಗಸರು ಮರಾಠಿಯಲ್ಲಿ ಮಾತಾಡಿದರೂ ಅದು ನಮ್ಮ ನಾಡಿನ ಚಿತ್ರವೇ.

ನಾಲ್ಕನೆಯದು, ಮುಗಿದ ಚಿತ್ರವನ್ನು ಮೊದಲು ಅದೇ ಗಲ್ಲಿಗೆ ತನ್ನಿ. ಒಂದು ಬಿಳಿ ಪಂಚೆ, ಬಾಡಿಗೆ ಪ್ರೊಜೆಕ್ಟರ್, ಒಂದು ಸ್ಪೀಕರ್ ಸಾಕು. ‘ಅಲ್ಲ ಕಣಪ್ಪ, ಕೂಲಿ ಲೆಕ್ಕ ತಪ್ಪು ಹೇಳಿದ್ದೀಯ’ ಎಂದು ಯಾರಾದರೂ ಎದ್ದು ನಿಂತರೆ ಅದಕ್ಕಿಂತ ಒಳ್ಳೆಯ ವಿಮರ್ಶೆ ನಿಮಗೆ ಯಾವ ಚಿತ್ರೋತ್ಸವದಲ್ಲೂ ಸಿಗದು. ತಿದ್ದಿ, ಆಮೇಲೆ ಲೋಕಕ್ಕೆ ಬಿಡಿ.

ಐದನೆಯದು, ತೆಗೆದದ್ದನ್ನು ಕಾಪಾಡಿ. ಯುಗಾಂತರದ ಚಿತ್ರಗಳು ಡಿಜಿಟಲ್ ರೂಪಕ್ಕೆ ಬಂದು ಇಂದು ನಾವು ನೋಡುವಂತಾದದ್ದರಲ್ಲಿ ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆಯ ಪಾಲಿದೆ. ನಿಪ್ಪಾಣಿಯ ಹೆಂಗಸರ ಮಾತು ಉಳಿಯಲು ಜರ್ಮನಿಯವರ ನೆರವು ಬೇಕಾಯಿತು. ನಿಮ್ಮ ಹಾರ್ಡ್ ಡಿಸ್ಕಿನಲ್ಲಿ ಎರಡು ಪ್ರತಿ ಇಡುವುದಕ್ಕೆ ಯಾವ ವಿದೇಶಿ ಸಂಸ್ಥೆಯೂ ಬೇಡ. ದಿನಾಂಕ, ಜಾಗ, ಮಾತಾಡಿದವರ ಒಪ್ಪಿಗೆ ಇವನ್ನು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ.

ಹೊಟ್ಟೆಪಾಡಿನ ವಿಚಾರ ಮುಚ್ಚಿಡುವುದಿಲ್ಲ. 1948ರಲ್ಲಿ ಶುರುವಾದ ಸರ್ಕಾರಿ ಫಿಲ್ಮ್ಸ್ ಡಿವಿಷನ್ ಎಷ್ಟೋ ಮಂದಿ ಸಾಕ್ಷ್ಯಚಿತ್ರಕಾರರಿಗೆ ಅನ್ನ ಹಾಕಿದ್ದು ನಿಜ. ಒಂದು ಕಾಲಕ್ಕೆ ಥಿಯೇಟರಿನಲ್ಲಿ ಸಿನಿಮಾಕ್ಕೆ ಮುಂಚೆ ಅದರ ಚಿತ್ರ ಹಾಕಲೇಬೇಕಿತ್ತು. ಜನ ಕಡಲೆಕಾಯಿ ತಿನ್ನುತ್ತಾದರೂ ನೋಡುತ್ತಿದ್ದರು. 2022ರಲ್ಲಿ ಅದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮವಾದ ಎನ್‌ಎಫ್‌ಡಿಸಿಯಲ್ಲಿ ವಿಲೀನವಾಯಿತು. ಬೆಂಗಳೂರಿನಲ್ಲಿ 1993ರಿಂದ ಇರುವ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಕಲಾವಿದರಿಗೆ, ಸಂಶೋಧಕರಿಗೆ ಧನಸಹಾಯ ಕೊಡುತ್ತದೆ. ಅರ್ಜಿ ಬರೆಯುವುದನ್ನು ಕಲಿಯಿರಿ. 1971ರಲ್ಲಿ ಹುಟ್ಟಿದ ಸುಚಿತ್ರಾ ಫಿಲ್ಮ್ ಸೊಸೈಟಿಯಂಥ ಕಡೆ ಹೋಗಿ ಒಳ್ಳೆಯ ಚಿತ್ರಗಳನ್ನು ನೋಡಿ, ಮುಗಿದ ಮೇಲೆ ನಡೆಯುವ ಚರ್ಚೆಗೂ ನಿಲ್ಲಿ. ಆದರೆ ತಿಂಗಳ ಸಂಬಳದಂತೆ ಬರುವ ದುಡ್ಡಲ್ಲ ಇದು. ನಾನು ಮನೆ ನಡೆಸಿದ್ದು ಕಂಪನಿಗಳ ಪ್ರಚಾರಚಿತ್ರ, ಜಾಹೀರಾತುಗಳ ಕೂಲಿಯಿಂದ. ಅದರಲ್ಲಿ ನಾಚಿಕೆಯೇನಿಲ್ಲ. ಮದುವೆ ವೀಡಿಯೊ ಮಾಡಿ ಬದುಕುತ್ತ, ಉಳಿದ ಸಮಯದಲ್ಲಿ ವರ್ಷಕ್ಕೊಂದು ಗಲ್ಲಿಯ ಕಥೆ ಹೇಳಿದರೂ ಹತ್ತು ವರ್ಷಕ್ಕೆ ಶಿವಾಜಿನಗರದ ಚರಿತ್ರೆ ನಿಮ್ಮ ಕೈಯಲ್ಲಿರುತ್ತದೆ. ಮನೆಯವರು ‘ಇದರಿಂದ ಏನು ಬರುತ್ತೆ’ ಎಂದು ಕೇಳುತ್ತಾರೆ. ಸಿಡುಕಬೇಡಿ. ಅವರನ್ನೂ ಗಲ್ಲಿಯ ಪ್ರದರ್ಶನಕ್ಕೆ ಕರೆತನ್ನಿ.

ನನ್ನ ಕಡೆಯಿಂದ ಒಂದು ಮಾತು ಕೊಡುತ್ತೇನೆ. ಶಿವಾಜಿನಗರ, ಹಲಸೂರು, ಕೆ.ಆರ್. ಪುರದ ಯಾವುದೇ ಕೆಲಸದ ಬಗ್ಗೆ ಮೇಲಿನ ಐದು ಮಾತಿಗೆ ಒಪ್ಪಿ ಚಿತ್ರ ತೆಗೆಯುವವರಿಗೆ ಧ್ವನಿಗ್ರಹಣ ನಾನು ಕಲಿಸುತ್ತೇನೆ, ಮೈಕೂ ಕೊಡುತ್ತೇನೆ. ಕಾಸು ಬೇಡ. ಗುಜರಿ ಗಲ್ಲಿಯಲ್ಲಿ ಮೈಕ್ ಹಿಡಿದು ಓಡಾಡುವ ನರೆಗೂದಲಿನವನು ಯಾರೆಂದು ಕೇಳಿದರೆ ಯಾವ ಅಂಗಡಿಯವರಾದರೂ ತೋರಿಸುತ್ತಾರೆ. ಬರುವಾಗ ಯಾವ ಕೆಲಸ, ಯಾರ ಕೆಲಸ ಎಂದು ತೀರ್ಮಾನಿಸಿಕೊಂಡೇ ಬನ್ನಿ.



ಇತಿ ನಿಮ್ಮ ವಿಶ್ವಾಸಿ,
ಶಿವಾಜಿನಗರದ ಒಬ್ಬ ಧ್ವನಿಗ್ರಾಹಕ